ಕವಿಗಳು ಕೇಳಿದ ದನಿ: ಕಲ್ಪನೆಯ ಜೀವಿಗಳ ಒಂದು ಚರಿತ್ರೆ



ಹಾಡು ಕೇಳಿದೊಡನೆ ಅರಳುವ ಮರ. ಇರುಳಿಡೀ ಹೊಳೆಯ ಆಚೆ ದಡದಲ್ಲಿರುವ ಜೊತೆಯನ್ನು ಕೂಗಿ ಕೂಗಿ ಬೆಳಗು ಕಾಯುವ ಹಕ್ಕಿ. ಮುಗಿಲಿಗೆ ಮೊರೆಯಿಟ್ಟು, ಬಿದ್ದ ಮಳೆಹನಿಯಿಂದಲೇ ಬಾಯಾರಿಕೆ ತೀರಿಸಿಕೊಳ್ಳುವ ಇನ್ನೊಂದು ಹಕ್ಕಿ. ಎತ್ತಿನ ಗುಟುರಿಗೆ ಬೆಚ್ಚಿ ನೀರು ಕುಡಿಯದೆ ಹಿಂದಿರುಗಿದ ಸಿಂಹ. ಇಂಥ ಜೀವಿಗಳು ಯಾವ ಕಾಡಿನಲ್ಲೂ ನಮಗೆ ಎದುರಾಗುವುದಿಲ್ಲ. ಆದರೂ ನಮ್ಮ ಕಾವ್ಯಗಳಲ್ಲಿ, ಕಥೆಗಳಲ್ಲಿ ಸಾವಿರ ವರ್ಷಗಳಿಂದ ಇವು ಬದುಕಿವೆ. ಇವೆಲ್ಲವೂ ಬದುಕುವುದು ದನಿಯನ್ನು ನಂಬಿಕೊಂಡು.

ಇವನ್ನು ಬರಿಯ ಕಟ್ಟುಕಥೆ ಎಂದು ತಳ್ಳಿಹಾಕುವುದು ಸುಲಭ. ಇಂದಿನ ವಿಜ್ಞಾನವೆಲ್ಲ ನಮ್ಮ ಹಿರಿಯರಿಗೆ ಮೊದಲೇ ತಿಳಿದಿತ್ತು ಎಂದು ಬೀಗುವುದೂ ಅಷ್ಟೇ ಸುಲಭ. ಇವೆರಡರ ನಡುವೆ ಮೂರನೆಯ ದಾರಿಯೊಂದಿದೆ. ಅದು ಚರಿತ್ರೆಯ ದಾರಿ. ಈ ಕಲ್ಪನೆಗಳು ಎಲ್ಲಿ ಬೆಳೆದವು, ಅವುಗಳ ಹಿಂದೆ ಎಷ್ಟು ಕಂಡದ್ದು, ಎಷ್ಟು ಕಟ್ಟಿದ್ದು, ಅವುಗಳನ್ನು ಬಳಸಿದವರು ಏನೆಂದು ತಿಳಿದು ಬಳಸಿದರು ಎಂಬುದನ್ನು ಈ ದಾರಿಯಲ್ಲಿ ವಿಚಾರಿಸಿ ನೋಡೋಣ.

ಎರಡು ರಾಜಧಾನಿಗಳ ನಡುವೆ

ಕಲಬುರಗಿ ನಗರದ ನೆಹರು ಗಂಜ್ ಎಂದರೆ ತೊಗರಿಯ ಪೇಟೆ. ಸುಗ್ಗಿಯ ದಿನಗಳಲ್ಲಿ ಅಲ್ಲಿ ಹಮಾಲರ ಕರೆ, ಗಾಡಿಗಳ ಸದ್ದು, ಅಡತಿ ಅಂಗಡಿಗಳ ಮಾತುಕತೆ ಎಲ್ಲವೂ ಒಂದರಲ್ಲೊಂದು ಬೆರೆತುಹೋಗಿರುತ್ತವೆ. ಹೊಸಬರಿಗೆ ಅದೆಲ್ಲ ಬರಿಯ ಗದ್ದಲ. ಅಲ್ಲಿಯೇ ದುಡಿಯುವವರಿಗೆ ಮಾತ್ರ ಯಾವ ಕೂಗು ಯಾರಿಗೆ, ಯಾತಕ್ಕೆ ಎಂಬುದು ತಕ್ಷಣ ತಿಳಿಯುತ್ತದೆ. ಸದ್ದಿಗೂ ಸಂಕೇತಕ್ಕೂ ಇರುವ ವ್ಯತ್ಯಾಸ ಇಷ್ಟೇ: ಕೇಳುವವನಿಗೆ ಅರ್ಥವಾದರೆ ಅದು ಸಂಕೇತ, ಅರ್ಥವಾಗದಿದ್ದರೆ ಸದ್ದು. ಕಾಡಿನ ಕೂಗುಗಳನ್ನು ಕೇಳಿದ ಮನುಷ್ಯನ ಸ್ಥಿತಿಯೂ ಇದೇ ಆಗಿತ್ತು. ಅರ್ಥವಾಗದ ಕಡೆ ಅವನು ಅರ್ಥವನ್ನು ಕಲ್ಪಿಸಿಕೊಂಡ.

ಈ ಪೇಟೆಯನ್ನು ನಡುವೆ ಇಟ್ಟುಕೊಂಡು ಭೂಪಟ ನೋಡಿ. ಆಗ್ನೇಯಕ್ಕೆ ಸುಮಾರು 40 ಕಿಲೋಮೀಟರ್ ದೂರದಲ್ಲಿ, ಸೇಡಂ ತಾಲೂಕಿನಲ್ಲಿ, ಮಳಖೇಡವಿದೆ. ಅದು ರಾಷ್ಟ್ರಕೂಟರ ಮಾನ್ಯಖೇಟ. ಉತ್ತರಕ್ಕೆ ಹೊರಟು, ಕೆಂಪು ಬಾಳೆಗೆ ಹೆಸರಾದ ಕಮಲಾಪುರವನ್ನು ದಾಟಿ, ಹುಮನಾಬಾದಿನ ಮೂಲಕ ಸಾಗಿದರೆ ಬಸವಕಲ್ಯಾಣ ಸಿಗುತ್ತದೆ. ಅದು ಚಾಲುಕ್ಯರ ಕಲ್ಯಾಣ. 973ರಲ್ಲಿ ರಾಷ್ಟ್ರಕೂಟರನ್ನು ಸೋಲಿಸಿದ ಚಾಲುಕ್ಯರು ಮೊದಲು ಮಾನ್ಯಖೇಟದಿಂದಲೇ ಆಳಿದರು. ಹನ್ನೊಂದನೆಯ ಶತಮಾನದ ನಡುಭಾಗದಲ್ಲಿ, ಒಂದನೆಯ ಸೋಮೇಶ್ವರನ ಕಾಲಕ್ಕೆ, ಕಲ್ಯಾಣ ಅವರ ರಾಜಧಾನಿಯಾಯಿತು.

ಈ ಎರಡು ಅರಮನೆಗಳ ಆಶ್ರಯದಲ್ಲಿ ಬೆಳೆದ ಸಾಹಿತ್ಯ ನಮ್ಮ ವಿಷಯಕ್ಕೆ ಬಹಳ ಮುಖ್ಯವಾದುದು. ಕನ್ನಡದಲ್ಲಿ ದೊರೆತಿರುವ ಮೊದಲ ಗ್ರಂಥವಾದ ‘ಕವಿರಾಜಮಾರ್ಗ’ ಹುಟ್ಟಿದ್ದು ಅಮೋಘವರ್ಷ ನೃಪತುಂಗನ (814–878) ಆಸ್ಥಾನದಲ್ಲಿ, ಸುಮಾರು 850ರಲ್ಲಿ. ಚಾಲುಕ್ಯ ದೊರೆ ಜಯಸಿಂಹನ ಸಂಧಿವಿಗ್ರಹಿಯಾಗಿದ್ದ ದುರ್ಗಸಿಂಹ 1031ರಲ್ಲಿ ಕನ್ನಡ ‘ಪಂಚತಂತ್ರ’ವನ್ನು ಬರೆದ. ಎರಡನೆಯ ನಾಗವರ್ಮನ ‘ಕಾವ್ಯಾವಲೋಕನ’ವೂ ಚಾಲುಕ್ಯರ ಕಾಲದ್ದೇ. ಅದನ್ನು ಬಹುಮಂದಿ ವಿದ್ವಾಂಸರು ಹನ್ನೆರಡನೆಯ ಶತಮಾನದ ನಡುಭಾಗಕ್ಕೆ ಸೇರಿಸುತ್ತಾರೆ. ಇವುಗಳಲ್ಲಿ ಒಂದು ಕಾವ್ಯಕ್ಕೆ ದಾರಿ ತೋರಿಸಿತು, ಒಂದು ಪ್ರಾಣಿಗಳಿಗೆ ಕನ್ನಡದ ಮಾತು ಕೊಟ್ಟಿತು, ಮತ್ತೊಂದು ಕವಿಗಳ ಕಲ್ಪನೆಗೆ ನಿಯಮ ಹಾಕಿತು.

ಕಲ್ಪನೆಗೂ ಒಂದು ಕಟ್ಟಳೆ

‘ಕವಿರಾಜಮಾರ್ಗ’ ಬಹುಮಟ್ಟಿಗೆ ದಂಡಿಯ ‘ಕಾವ್ಯಾದರ್ಶ’ವನ್ನು ಅನುಸರಿಸಿದ ಗ್ರಂಥ. ದೇಶ, ಕಾಲ, ಲೋಕದ ನಡೆ ಮೊದಲಾದವುಗಳಿಗೆ ವಿರುದ್ಧವಾದುದನ್ನು ಹೇಳುವುದು ಕಾವ್ಯದೋಷ ಎಂಬುದು ದಂಡಿಯ ಮಾತು. ತಾವರೆ ರಾತ್ರಿ ಅರಳಿತು ಎಂದು ಬರೆದರೆ ಅದು ಕಾಲಕ್ಕೆ ವಿರುದ್ಧ. ಆದರೆ ಕವಿಯ ಜಾಣ್ಮೆಯಿಂದ ಇಂಥ ವಿರೋಧವೂ ಕೆಲವು ಸಲ ಗುಣವಾಗಬಲ್ಲದು ಎಂದೂ ಅವನೇ ಹೇಳುತ್ತಾನೆ. ಹಾಗಾದರೆ ತಪ್ಪು ಎಲ್ಲಿಗೆ ಮುಗಿಯುತ್ತದೆ, ಕಲ್ಪನೆ ಎಲ್ಲಿಂದ ಮೊದಲಾಗುತ್ತದೆ?

ಈ ಪ್ರಶ್ನೆಗೆ ನಮ್ಮ ಕಾವ್ಯಶಾಸ್ತ್ರಜ್ಞರು ಕೊಟ್ಟ ಉತ್ತರಕ್ಕೆ ‘ಕವಿಸಮಯ’ ಎಂದು ಹೆಸರು. ಇಲ್ಲಿ ‘ಸಮಯ’ ಎಂದರೆ ಹೊತ್ತಲ್ಲ, ಒಪ್ಪಂದ. ಲೋಕದಲ್ಲಿ ಹಾಗಿಲ್ಲದಿದ್ದರೂ ಕಾವ್ಯದಲ್ಲಿ ಹಾಗೆ ಹೇಳಬಹುದು ಎಂದು ಕವಿಗಳೂ ಓದುಗರೂ ಒಪ್ಪಿಕೊಂಡ ಸಂಗತಿಗಳೇ ಕವಿಸಮಯಗಳು. ನಾಗವರ್ಮನು ತನ್ನ ‘ಕಾವ್ಯಾವಲೋಕನ’ದ ಐದು ಭಾಗಗಳಲ್ಲಿ ಕೊನೆಯದನ್ನು ಪೂರ್ತಿಯಾಗಿ ಇದಕ್ಕೇ ಮೀಸಲಿಟ್ಟಿದ್ದಾನೆ.

ಅವನಿಗಿಂತ ಮೊದಲು, ಕ್ರಿ.ಶ. 900ರ ಸುಮಾರಿಗೆ, ಉತ್ತರದ ಪ್ರತೀಹಾರರ ಆಸ್ಥಾನದಲ್ಲಿದ್ದ ರಾಜಶೇಖರ ತನ್ನ ‘ಕಾವ್ಯಮೀಮಾಂಸೆ’ಯಲ್ಲಿ ಇವುಗಳನ್ನು ಮೂರು ಬಗೆಯಾಗಿ ವಿಂಗಡಿಸಿದ. ಇಲ್ಲದ್ದನ್ನು ಇದೆ ಎನ್ನುವುದು ಮೊದಲನೆಯದು. ಇರುವುದನ್ನು ಇಲ್ಲ ಎನ್ನುವುದು ಎರಡನೆಯದು. ಹಲವು ಕಡೆ ಇರುವುದನ್ನು ಒಂದೇ ಕಡೆಗೆ ಕಟ್ಟಿಹಾಕುವುದು ಮೂರನೆಯದು. ಇವುಗಳ ಹುಟ್ಟಿನ ಬಗ್ಗೆ ಅವನು ಕೊಡುವ ವಿವರಣೆ ಇತಿಹಾಸದ ವಿದ್ಯಾರ್ಥಿಗಳು ಗಮನಿಸಬೇಕಾದಂಥದು. ಹಿಂದಿನ ವಿದ್ವಾಂಸರು ಶಾಸ್ತ್ರಗಳನ್ನು ಓದಿ, ದೇಶಾಂತರಗಳನ್ನು ಸುತ್ತಿ, ತಾವು ಕಂಡದ್ದನ್ನು ಬರೆದಿಟ್ಟರು. ದೇಶ ಕಾಲಗಳು ಬದಲಾದಾಗ ಸಂಗತಿಯೂ ಬದಲಾಯಿತು. ಕವಿಗಳು ಮಾತ್ರ ಹಳೆಯ ಮಾತನ್ನೇ ಉಳಿಸಿಕೊಂಡರು. ಇದು ಅವನ ವಿವರಣೆಯ ಸಾರ. ಅಂದರೆ ಅವನ ಪ್ರಕಾರ ಕವಿಸಮಯವೆಂಬುದು ಊರು ಬದಲಿಸಿದ, ವಯಸ್ಸಾದ ಒಂದು ವೀಕ್ಷಣೆ.

ಕೂಗಿನಲ್ಲಿ ಕಂಡದ್ದೆಷ್ಟು, ಕಟ್ಟಿದ್ದೆಷ್ಟು?

ಈ ಮಾತನ್ನು ನಾಲ್ಕು ಹಕ್ಕಿಗಳ ಮೇಲೆ ಪರೀಕ್ಷಿಸೋಣ.

ಮೊದಲನೆಯದು ಚಕ್ರವಾಕ, ನಮ್ಮ ಕಾವ್ಯಗಳ ಜಕ್ಕವಕ್ಕಿ. ಹಗಲೆಲ್ಲ ಜೊತೆಯಾಗಿರುವ ಈ ದಂಪತಿಗಳು ಸೂರ್ಯ ಮುಳುಗಿದೊಡನೆ ಅಗಲಿ, ಹೊಳೆಯ ಎರಡು ದಡಗಳಲ್ಲಿ ಕುಳಿತು, ಬೆಳಗಾಗುವ ತನಕ ಒಂದನ್ನೊಂದು ಕರೆಯುತ್ತವೆಯೆಂಬುದು ಕವಿಸಮಯ. ನಿಜವಾದ ಚಕ್ರವಾಕ ಕಿತ್ತಳೆಗಂದು ಬಣ್ಣದ ದೊಡ್ಡ ಬಾತು. ಚಳಿಗಾಲದಲ್ಲಿ ಹಿಮಾಲಯದಾಚೆಯಿಂದ ಬರುವ ಇದು ಉತ್ತರ ಕರ್ನಾಟಕದ ಜಲಾಶಯಗಳಲ್ಲೂ ಕಾಣಸಿಗುತ್ತದೆ. ಜೋಡಿಯಾಗಿರುವುದು ಅದರ ಸ್ವಭಾವ. ಅದರ ಕೂಗು ನೀರಿನ ಮೇಲೆ ಬಹುದೂರ ಸಾಗುತ್ತದೆ. ಇರುಳಿನಲ್ಲಿಯೂ ಮೇಯುವ ಹಕ್ಕಿ ಅದು. ಕತ್ತಲೆಯಲ್ಲಿ ಮೇಯುವಾಗ ಕಣ್ಣಿಗೆ ಕಾಣದ ಜೊತೆಗಾರನ ಸುಳಿವು ಸಿಗುವುದು ದನಿಯಿಂದ. ಜೋಡಿ, ಇರುಳು, ನೀರು, ಕೂಗು – ಇಷ್ಟನ್ನು ಯಾರೋ ಕಂಡಿದ್ದಾರೆ. ಶಾಪ ಮತ್ತು ವಿರಹವನ್ನು ಕವಿಗಳು ಕೂಡಿಸಿದ್ದಾರೆ.

ಎರಡನೆಯದು ಚಾತಕ. ಇದು ಕಪ್ಪು ಬಿಳುಪಿನ ಜುಟ್ಟಿನ ಕೋಗಿಲೆ. ಉತ್ತರ ಹಾಗೂ ಮಧ್ಯ ಭಾರತಕ್ಕೆ ಆಫ್ರಿಕಾದ ಕಡೆಯಿಂದ ಮುಂಗಾರಿನೊಂದಿಗೆ ಬರುತ್ತದೆ. ಮಳೆಗೆ ಕೊಂಚ ಮೊದಲು ಕೂಗು, ಆಮೇಲೆ ಮೋಡ, ಆಮೇಲೆ ಹನಿ: ಈ ಕ್ರಮವನ್ನು ವರ್ಷ ವರ್ಷವೂ ಕೇಳಿದ ರೈತನಿಗೆ ಹಕ್ಕಿ ಕೂಗಿದ್ದರಿಂದಲೇ ಮಳೆ ಬಂತು ಎನ್ನಿಸಿದರೆ ಆಶ್ಚರ್ಯವಿಲ್ಲ. ಆದರೆ ಹಕ್ಕಿ ಮಳೆಯನ್ನು ತರುವುದಿಲ್ಲ. ಮಳೆ ತರುವ ಗಾಳಿಯ ಜೊತೆಯಲ್ಲಿ ಅದು ಬರುತ್ತದೆ. ಒಂದರ ಹಿಂದೆ ಒಂದು ನಡೆದ ಮಾತ್ರಕ್ಕೆ ಮೊದಲನೆಯದು ಎರಡನೆಯದಕ್ಕೆ ಕಾರಣವಾಗುವುದಿಲ್ಲ ಎಂಬ ಪಾಠ ಇಲ್ಲಿದೆ.

ಮೂರನೆಯದು ಕೋಗಿಲೆ, ನಾಲ್ಕನೆಯದು ನವಿಲು. ಕೋಗಿಲೆಯ ದನಿ ವಸಂತದಲ್ಲಿ ಮಾತ್ರ, ನವಿಲಿನ ಕೂಗು ಕುಣಿತ ಮಳೆಗಾಲದಲ್ಲಿ ಮಾತ್ರ ಎಂಬುದು ರಾಜಶೇಖರನ ಮೂರನೆಯ ಬಗೆಗೆ ಸೇರಿದ ನಿಯಮ. ಬೇರೆ ಕಾಲದಲ್ಲಿಯೂ ಅವು ಕೂಗುತ್ತವೆ ಎಂಬುದು ಆ ಶಾಸ್ತ್ರಕಾರನಿಗೆ ಚೆನ್ನಾಗಿ ಗೊತ್ತಿತ್ತು; ಗೊತ್ತಿದ್ದುದರಿಂದಲೇ ಅದನ್ನು ನಿಯಮ ಎಂದು ಕರೆದ. ಕೋಗಿಲೆ ನಮ್ಮ ಊರುಗಳಲ್ಲಿ ಬೇಸಿಗೆಯುದ್ದಕ್ಕೂ, ಮಳೆಗಾಲ ಬಂದ ಮೇಲೂ ಕೂಗುತ್ತದೆ. ‘ಕುಹೂ’ ಎಂದು ಹಾಡುವುದು ಗಂಡು. ಹೆಣ್ಣಿನ ದನಿ ಚುರುಕಾದ ‘ಕಿಕ್ ಕಿಕ್’. ಕಾಗೆಯ ಗೂಡಿನಲ್ಲಿ ಮೊಟ್ಟೆಯಿಡುವ ಈ ಹಕ್ಕಿಯ ಹಾಡು ಸಂತಾನದ ಕಾಲಕ್ಕೆ ಹೊಂದಿಕೊಂಡದ್ದೇ ಹೊರತು ಮಾವಿನ ಚಿಗುರಿಗಲ್ಲ.

ಮಾತಿಗೆ ಅರಳುವ ಮರಗಳು

ಹಕ್ಕಿಗಾದರೂ ಕೊರಳಿದೆ. ಮರಕ್ಕೆ? ಕವಿಗಳು ಮರಕ್ಕೆ ಕಿವಿ ಕೊಟ್ಟರು. ಬಸಿರಿ ಹೆಂಗಸಿಗೆ ಬಯಕೆ ಇರುವಂತೆ ಹೂ ಬಿಡುವ ಮೊದಲು ಮರಕ್ಕೂ ಒಂದು ಬಯಕೆ ಇರುತ್ತದೆಂದು ಅವರು ಕಲ್ಪಿಸಿದರು. ಇದಕ್ಕೆ ‘ದೋಹದ’ ಎಂದು ಹೆಸರು. ತರುಣಿಯ ಪಾದ ತಾಗಿದರೆ ಅಶೋಕ ಅರಳುತ್ತದೆ ಎಂಬುದು ಎಲ್ಲರೂ ಕೇಳಿದ ಮಾತು. ‘ಮೇಘದೂತ’ಕ್ಕೆ ವ್ಯಾಖ್ಯಾನ ಬರೆದ ಮಲ್ಲಿನಾಥ ಎತ್ತಿಕೊಡುವ ಪಟ್ಟಿಯಲ್ಲಿ ಇನ್ನೂ ಹಲವು ಮರಗಳಿವೆ. ಅವುಗಳಲ್ಲಿ ಮೂರಕ್ಕೆ ಬೇಕಾದದ್ದು ದನಿ. ಮಂದಾರ ಅರಳುವುದು ಸರಸದ ಮಾತಿಗೆ. ಸಂಪಿಗೆ ಅರಳುವುದು ನಗುವಿಗೆ. ನಮೇರು ಎಂಬ ಮರ ಅರಳುವುದು ಹಾಡಿಗೆ.

ಇದನ್ನು ಯಾರೂ ತೋಟಗಾರಿಕೆಯ ಪಾಠವೆಂದು ಬರೆಯಲಿಲ್ಲ. ನಗು ಕೇಳಿಸಿ ಸಂಪಿಗೆ ಅರಳಿಸಲು ಹೊರಟ ರೈತನ ಕಥೆ ನಮ್ಮಲ್ಲಿಲ್ಲ. ಕವಿಸಮಯದ ದೊಡ್ಡ ಗುಣವೇ ಇದು: ತಾನು ಕಲ್ಪನೆ ಎಂಬುದನ್ನು ಅದು ಹಣೆಯ ಮೇಲೆ ಬರೆದುಕೊಂಡಿರುತ್ತದೆ.

ಸಿಂಹ ಹೆದರಿದ್ದೇಕೆ?

ಇನ್ನು ಕಥೆಗಳಿಗೆ ಬರೋಣ. ದುರ್ಗಸಿಂಹ ಅನುಸರಿಸಿದ್ದು ವಿಷ್ಣುಶರ್ಮನ ಪಂಚತಂತ್ರವನ್ನಲ್ಲ, ವಸುಭಾಗಭಟ್ಟನದನ್ನು. ಭೇದ, ಪರೀಕ್ಷೆ, ವಿಶ್ವಾಸ, ವಂಚನೆ, ಮಿತ್ರಕಾರ್ಯ ಎಂದು ಅದರಲ್ಲಿ ಐದು ಪ್ರಕರಣಗಳು. ಪಂಚತಂತ್ರದ ಮೊದಲ ಕಥೆ ಆರಂಭವಾಗುವುದೇ ಒಂದು ಸದ್ದಿನಿಂದ. ವರ್ತಕನೊಬ್ಬ ಕಾಡಿನಲ್ಲಿ ಬಿಟ್ಟುಹೋದ ಸಂಜೀವಕನೆಂಬ ಎತ್ತು ಮೇದು ಕೊಬ್ಬಿ ಗುಟುರು ಹಾಕುತ್ತದೆ. ಅಂಥ ದನಿಯನ್ನು ಎಂದೂ ಕೇಳದ ಪಿಂಗಳಕನೆಂಬ ಸಿಂಹ ನೀರು ಕುಡಿಯಲು ಬಂದದ್ದು ಹೆದರಿ ನಿಲ್ಲುತ್ತದೆ. ಆಗ ದಮನಕನೆಂಬ ನರಿ ಒಂದು ಉಪಕಥೆ ಹೇಳುತ್ತದೆ. ಹಸಿದ ನರಿಯೊಂದು ಹಾಳುಬಿದ್ದ ರಣರಂಗದಲ್ಲಿ ಭಯಂಕರ ಸದ್ದನ್ನು ಕೇಳಿತು. ಓಡಿಹೋಗುವ ಮನಸ್ಸಾದರೂ ಧೈರ್ಯ ತಂದುಕೊಂಡು ಹತ್ತಿರ ಹೋಗಿ ನೋಡಿತು. ಗಾಳಿಗೆ ಅಲುಗಿದ ಕೊಂಬೆ ಒಂದು ಭೇರಿಗೆ ಬಡಿಯುತ್ತಿತ್ತು. ಒಳಗೆ ಇದ್ದದ್ದು ಬರಿಯ ತೊಗಲು ಮತ್ತು ಮರ.

ಬಣ್ಣದ ತೊಟ್ಟಿಗೆ ಬಿದ್ದು ನೀಲಿಯಾದ ನರಿ ರಾಜನಾಗಿ ಮೆರೆದು, ಒಂದು ದಿನ ತನ್ನವರ ಊಳು ಕೇಳಿ ತಾನೂ ಊಳಿಟ್ಟು ಸಿಕ್ಕಿಬಿದ್ದ ಕಥೆ ನಿಮಗೆ ಗೊತ್ತು. ಹುಲಿಯ ತೊಗಲು ಹೊದ್ದ ಕತ್ತೆ ಅರಚಿ ಪ್ರಾಣ ಕಳೆದುಕೊಂಡ ಕಥೆಯೂ ಗೊತ್ತು. ಇವುಗಳನ್ನು ಒಟ್ಟಿಗೆ ಇಟ್ಟು ನೋಡಿದರೆ ದನಿಯ ಬಗ್ಗೆ ಒಂದು ಪೂರ್ಣ ವಿಚಾರವೇ ಹೊರಡುತ್ತದೆ. ದೊಡ್ಡ ಸದ್ದು ದೊಡ್ಡ ಪ್ರಾಣಿಯದೇ ಆಗಬೇಕಿಲ್ಲ. ರೂಪವನ್ನು ಮರೆಸಬಹುದು, ದನಿಯನ್ನು ಮರೆಸುವುದು ಕಷ್ಟ. ಕೇಳಿದ ಮೇಲೆ ಹೋಗಿ ನೋಡಿದವನು ಉಳಿಯುತ್ತಾನೆ. ರಾಯಭಾರದ ಕೆಲಸ ಮಾಡುತ್ತಿದ್ದ ದುರ್ಗಸಿಂಹನಂಥ ಅಧಿಕಾರಿಗೆ ಇವು ಮಕ್ಕಳ ಕಥೆಗಳಷ್ಟೇ ಆಗಿರಲಿಕ್ಕಿಲ್ಲ. ಗಾಳಿಮಾತು ಯಾವುದು, ನಿಜವಾದ ಸುದ್ದಿ ಯಾವುದು ಎಂದು ತಿಳಿಯುವುದೇ ಅವನ ವೃತ್ತಿ. ಈ ಕಥೆಗಳು ಆರನೆಯ ಶತಮಾನದಲ್ಲಿ ಪರ್ಷಿಯಾಕ್ಕೆ, ಎಂಟನೆಯ ಶತಮಾನದಲ್ಲಿ ಅರಬ್ಬಿ ಭಾಷೆಗೆ ಹೋದಾಗ ಕರಟಕ-ದಮನಕರೇ ‘ಕಲೀಲ ವ ದಿಮ್ನ’ ಎಂಬ ಹೆಸರಾದರು.

ಕಾಡಿನಲ್ಲಿ ಇಂಥದು ನಡೆಯುತ್ತದೆಯೆ? ಖಂಡಿತ. ಬಂಡೀಪುರ, ನಾಗರಹೊಳೆಗಳಲ್ಲಿ ಹುಲಿಯನ್ನು ಮರದ ಮೇಲಿನಿಂದ ಕಂಡ ಮುಸುವ ಕೆಮ್ಮಿದಂತೆ ಕೂಗಿದರೆ ಕೆಳಗಿನ ಜಿಂಕೆಗಳು ಎಚ್ಚರಗೊಳ್ಳುತ್ತವೆ. ಸುಳ್ಳು ಕೂಗುವ ಹಕ್ಕಿಗಳೂ ಇವೆ. ಆಫ್ರಿಕಾದ ಕಲಹರಿ ಮರುಭೂಮಿಯ ಕಾಜಾಣಗಳು ಬೇರೆ ಪ್ರಾಣಿಗಳ ಅಪಾಯದ ಕೂಗನ್ನು ಅನುಕರಿಸಿ, ಅವು ಬೆದರಿ ಓಡಿದಾಗ ಬಿಟ್ಟ ಆಹಾರವನ್ನು ಕದಿಯುತ್ತವೆ ಎಂದು 2014ರಲ್ಲಿ ಪ್ರಕಟವಾದ ಅಧ್ಯಯನ ತೋರಿಸಿತು. ವಂಚನಾ ಪ್ರಕರಣಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕೆ?

ಹಾಲಕ್ಕಿಯ ನುಡಿ

ಕವಿಸಮಯಕ್ಕೆ ಇರುವ ಹಣೆಬರಹ ಎಲ್ಲ ಕಲ್ಪನೆಗಳಿಗೂ ಇರುವುದಿಲ್ಲ. ಮೂರನೆಯ ಸೋಮೇಶ್ವರ 1130ರ ಸುಮಾರಿಗೆ ಕಲ್ಯಾಣದಲ್ಲಿ ರಚಿಸಿದ ಸಂಸ್ಕೃತ ವಿಶ್ವಕೋಶ ‘ಮಾನಸೋಲ್ಲಾಸ’ದಲ್ಲಿ ಆನೆ, ಮೀನು, ಅಡುಗೆ, ಸಂಗೀತಗಳ ಕುರಿತ ಸೂಕ್ಷ್ಮ ವಿವರಗಳಿವೆ. ಅದೇ ಗ್ರಂಥದಲ್ಲಿ ಶಕುನಗಳಿಗೂ ಜಾಗವಿದೆ. ಕಂಡು ಬರೆದದ್ದೂ ನಂಬಿ ಬರೆದದ್ದೂ ಅಕ್ಕಪಕ್ಕದಲ್ಲಿಯೇ ಇವೆ, ನಡುವೆ ಗೆರೆಯಿಲ್ಲ.

ನಮ್ಮ ಹಳ್ಳಿಗಳಲ್ಲಿ ಹಕ್ಕಿಶಕುನದ ಪ್ರಸಿದ್ಧ ರೂಪ ಹಾಲಕ್ಕಿಯ ನುಡಿ. ನಸುಕಿನಲ್ಲಿ ಬುಡಬುಡಿಕೆ ನುಡಿಸುತ್ತ ಬರುವ ಅಲೆಮಾರಿ ಕಲಾವಿದರು ಹಾಲಕ್ಕಿ ಹೀಗೆ ನುಡಿಯಿತೆಂದು ಮನೆಯವರಿಗೆ ಶುಭ ಹೇಳುತ್ತಾರೆ. ಅವರ ಮಾತಿನ ಓಟ, ಲಯ, ತಕ್ಷಣ ಕಟ್ಟುವ ಜಾಣ್ಮೆ ನಮ್ಮ ಜಾನಪದದ ಸಂಪತ್ತು. ಅದನ್ನು ಕಲೆಯಾಗಿ ಗೌರವಿಸಬೇಕು. ಆದರೆ ಹಾಲಕ್ಕಿಗೆ ನಮ್ಮ ಮನೆಯ ಮದುವೆಯ ಸುದ್ದಿ ಗೊತ್ತಿಲ್ಲ. ಅದು ಹಳೆಯ ಮರದ ಪೊಟರೆಯಲ್ಲಿ, ಗೋಡೆಯ ಬಿರುಕಿನಲ್ಲಿ ಜೋಡಿಯಾಗಿ ಬದುಕುವ ಚುಕ್ಕೆಯ ಚಿಕ್ಕ ಗೂಬೆ. ‘ಈ ಜಾಗ ನಮ್ಮದು’ ಎಂದು ನೆರೆಯ ಗೂಬೆಗಳಿಗೆ ತಿಳಿಸಲು, ಜೊತೆಯನ್ನು ಕರೆಯಲು ಅದು ಕೂಗುತ್ತದೆ. ಕೀಟಗಳನ್ನೂ ಇಲಿಗಳನ್ನೂ ಹಿಡಿದು ತಿನ್ನುವುದರಿಂದ ಬೆಳೆಗಾರನಿಗೆ ಅದು ನೆರವಾಗುವ ಹಕ್ಕಿ.

ಕಲ್ಪನೆ ತನ್ನ ಗುರುತನ್ನು ಮರೆತಾಗ ಆಗುವ ನಷ್ಟ ಇಲ್ಲಿ ಕಾಣುತ್ತದೆ. ಗೂಬೆ ಕೂಗಿದರೆ ಸಾವು ಎಂದು ನಂಬಿದವರು ಕಲ್ಲು ಎಸೆಯುತ್ತಾರೆ. ಗೂಬೆಯಿಂದ ನಿಧಿ ಸಿಗುತ್ತದೆಂದು ನಂಬಿಸುವವರು ದೀಪಾವಳಿಯ ಸುಮಾರಿಗೆ ಅವನ್ನು ಹಿಡಿದು ಮಾರುತ್ತಾರೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ಗೂಬೆಯನ್ನು ಹಿಡಿಯುವುದೂ ಕೊಲ್ಲುವುದೂ ಮಾರುವುದೂ ಅಪರಾಧ. ಆದರೂ ಅದು ನಿಂತಿಲ್ಲ. ಬದುಕಲೆಂದು ಕೂಗಿದ ಹಕ್ಕಿಗೆ ಆ ಕೂಗೇ ಮೃತ್ಯುವಾಗುತ್ತದೆ.

ಕವಿಗೂ ಕೇಳಿಸದ ದನಿಗಳು

ಕವಿಗಳ ಕಲ್ಪನೆಗೆ ಒಂದು ಮಿತಿಯಿತ್ತು. ಅವರು ಊಹಿಸಿದ್ದು ಮನುಷ್ಯನ ಕಿವಿಗೆ ಕೇಳುವ ದನಿಗಳನ್ನು ಮಾತ್ರ. ನಮ್ಮ ಕಿವಿಗೆ ಕೇಳುವುದು ಸುಮಾರು 20 ಹರ್ಟ್ಸ್‌ನಿಂದ 20,000 ಹರ್ಟ್ಸ್ ತನಕದ ಕಂಪನಗಳು. ಅದಕ್ಕಿಂತ ಮೇಲಿನದು ಶ್ರವಣಾತೀತ ಧ್ವನಿ. ಕೆಳಗಿನದೂ ನಮಗೆ ಕೇಳದು.

1790ರ ದಶಕದಲ್ಲಿ ಇಟಲಿಯ ಸ್ಪಲ್ಲಾಂಜಾನಿ ಎಂಬ ವಿಜ್ಞಾನಿ, ಕಣ್ಣಿಲ್ಲದ ಬಾವಲಿಯೂ ಕತ್ತಲಲ್ಲಿ ಯಾವುದಕ್ಕೂ ತಾಗದೆ ಹಾರುವುದನ್ನು ಕಂಡ. ಕಿವಿ ಮುಚ್ಚಿದರೆ ಅದು ದಾರಿ ತಪ್ಪುತ್ತದೆ ಎಂದು ಜಿನೀವಾದ ಜುರಿನ್ ತೋರಿಸಿದ. ಕಾರಣ ತಿಳಿಯಲು ನೂರ ನಲವತ್ತು ವರ್ಷಗಳಿಗೂ ಹೆಚ್ಚು ಕಾಲ ಬೇಕಾಯಿತು. 1938ರಲ್ಲಿ ಅಮೆರಿಕದ ಗ್ರಿಫಿನ್ ಮತ್ತು ಪಿಯರ್ಸ್ ಬಾವಲಿಯ ಶ್ರವಣಾತೀತ ಕೂಗನ್ನು ಯಂತ್ರದಿಂದ ಹಿಡಿದರು. ಕೀಟ ತಿನ್ನುವ ಬಾವಲಿ ತನ್ನ ಕೂಗಿನ ಮಾರ್ದನಿಯಿಂದ ಬೇಟೆಯನ್ನು ಗುರುತಿಸುತ್ತದೆ. ಅದಕ್ಕೆ ಪ್ರತಿಯಾಗಿ ಒಂದು ಬಗೆಯ ಪತಂಗ ತಾನೇ ಸದ್ದು ಹೊರಡಿಸಿ ಆ ಮಾರ್ದನಿಯನ್ನು ಕೆಡಿಸಿ ಪಾರಾಗುತ್ತದೆ ಎಂಬುದು 2009ರಲ್ಲಿ ತಿಳಿಯಿತು. ಏಷ್ಯಾದ ಆನೆಗಳು ನಮ್ಮ ಕಿವಿಗೆ ನಿಲುಕದಷ್ಟು ಕೆಳಗಿನ ದನಿಯಲ್ಲಿ ಕರೆಯುತ್ತವೆಂದು ಕೇಟಿ ಪೇನ್ ಮತ್ತು ಜೊತೆಗಾರರು 1986ರಲ್ಲಿ ಪ್ರಕಟಿಸಿದರು.

ಗಿಡಗಳ ವಿಷಯ ಇನ್ನೂ ಹೊಸದು. ಇಸ್ರೇಲಿನ ಟೆಲ್ ಅವೀವ್ ವಿಶ್ವವಿದ್ಯಾಲಯದ ಸಂಶೋಧಕರು, ಸಂಜೆ ಅರಳುವ ಒಂದು ಕಡಲತಡಿಯ ಹೂವಿಗೆ ಜೇನುಹುಳುವಿನ ರೆಕ್ಕೆಯ ಸದ್ದನ್ನು ಕೇಳಿಸಿದಾಗ ಮೂರೇ ನಿಮಿಷದಲ್ಲಿ ಅದರ ಮಕರಂದದ ಸಿಹಿ ಹೆಚ್ಚಿತೆಂದು 2019ರಲ್ಲಿ ವರದಿ ಮಾಡಿದರು. ನೀರಿಲ್ಲದೆ ಬಾಡುವ ಟೊಮೆಟೊ, ತಂಬಾಕು ಗಿಡಗಳಿಂದ ಶ್ರವಣಾತೀತವಾದ ಚಿಟಿಕೆಯಂಥ ಸದ್ದು ಹೊರಡುತ್ತದೆಂದು 2023ರಲ್ಲಿ ತಿಳಿಸಿದರು. ಬಾಯಾರಿದ ಟೊಮೆಟೊ ಗಿಡದಿಂದ ಗಂಟೆಗೆ ಹತ್ತಾರು ಸದ್ದು; ನೀರುಂಡ ಗಿಡದಿಂದ ಗಂಟೆಗೆ ಒಂದೂ ಇಲ್ಲವೆನ್ನುವಷ್ಟು ಅಪರೂಪ.

ಹಾಗಾದರೆ ನಮೇರು ನಿಜವಾಯಿತೆ? ಇಲ್ಲಿ ಅವಸರ ಕೂಡದು. ಗಿಡದ ನೀರಿನ ನಾಳಗಳಲ್ಲಿ ಗಾಳಿಗುಳ್ಳೆಗಳು ಒಡೆಯುವುದು ಆ ಸದ್ದಿಗೆ ಕಾರಣವಿರಬಹುದೆಂಬುದು ವಿಜ್ಞಾನಿಗಳ ಅಭಿಪ್ರಾಯ. ಗಿಡ ಬೇಕೆಂದು ಕೂಗುತ್ತದೆ, ಇನ್ನೊಂದು ಗಿಡ ಕೇಳಿ ಉತ್ತರಿಸುತ್ತದೆ ಎಂಬುದು ಸಿದ್ಧವಾಗಿಲ್ಲ. ಮಕರಂದ ಸಿಹಿಯಾದ ಹೂವಿಗೂ ಹಾಡಿಗೆ ಮನಸೋತ ಮರಕ್ಕೂ ನಡುವೆ ಬಹಳ ದೂರವಿದೆ. ಕವಿ ಹೇಳಿದ್ದು ಮನುಷ್ಯನ ಸಂತೋಷವನ್ನು. ವಿಜ್ಞಾನಿ ಅಳೆದದ್ದು ಗಿಡದ ಪ್ರತಿಕ್ರಿಯೆಯನ್ನು. ಒಂದನ್ನು ಇನ್ನೊಂದರ ಸಾಕ್ಷಿಯಾಗಿ ಮಾಡಿದರೆ ಎರಡಕ್ಕೂ ಅನ್ಯಾಯವಾಗುತ್ತದೆ.

ಮಿತ್ರರೇ, ಚಾಲುಕ್ಯರ ಕಾಲದವರು ಕಲ್ಪನೆಯ ಜೀವಿಗಳನ್ನು ಕಲ್ಲಿನಲ್ಲಿಯೂ ನಿಲ್ಲಿಸಿದರು. ಬಳ್ಳಿಗಾವಿಯಲ್ಲಿ 1047ರಲ್ಲಿ ನಿಂತ ಗಂಡಭೇರುಂಡ ಸ್ತಂಭ ಇಂದಿಗೂ ಇದೆ. ಆದರೆ ದನಿಯನ್ನು ಕಲ್ಲಿನಲ್ಲಿ ಕೆತ್ತಲಾಗದು. ಸಾವಿರ ವರ್ಷಗಳ ಹಿಂದಿನ ಕೆರೆಯ ದಡದಲ್ಲಿ ಏನು ಕೇಳಿಸುತ್ತಿತ್ತು ಎಂಬುದಕ್ಕೆ ನಮಗಿರುವ ಆಧಾರ ಈ ಕವಿಸಮಯಗಳು, ಈ ಕಥೆಗಳು. ಅವು ಕಲ್ಪನೆ ಎಂದು ತಿಳಿದು ಓದಿದರೆ ಅವುಗಳೊಳಗಿನ ವೀಕ್ಷಣೆ ಕಾಣುತ್ತದೆ. ನಿಜವೆಂದು ನಂಬಿ ಓದಿದರೆ ಕಲ್ಪನೆಯೂ ಕೆಡುತ್ತದೆ, ಹಕ್ಕಿಯೂ ಸಾಯುತ್ತದೆ. ದಮನಕ ಹೇಳಿದ ಕಥೆಯ ನರಿಯಂತೆ, ಸದ್ದು ಕೇಳಿದ ಮೇಲೆ ಹತ್ತಿರ ಹೋಗಿ ನೋಡುವ ಅಭ್ಯಾಸ ನಮಗಿರಲಿ.

ನೀವು ಮಾಡಬಹುದಾದ ಕೆಲಸ

1. ನಿಮ್ಮ ಊರಿನಲ್ಲಿ ಕೋಗಿಲೆಯ ಕೂಗು ವರ್ಷದಲ್ಲಿ ಮೊದಲು ಕೇಳಿದ ದಿನ, ಕೊನೆಗೆ ಕೇಳಿದ ದಿನ ಎರಡನ್ನೂ ಬರೆದಿಡಿ. ‘ವಸಂತದಲ್ಲಿ ಮಾತ್ರ’ ಎಂಬ ಕವಿಸಮಯದೊಂದಿಗೆ ಹೋಲಿಸಿ.

2. ಹಕ್ಕಿ ಅಥವಾ ಪ್ರಾಣಿಯ ಕೂಗಿಗೆ ನಿಮ್ಮ ಅಜ್ಜ ಅಜ್ಜಿಯರು ಹೇಳುವ ಅರ್ಥಗಳನ್ನು ಕೇಳಿ ಸಂಗ್ರಹಿಸಿ. ಅವುಗಳಲ್ಲಿ ಕಂಡದ್ದು ಯಾವುದು, ಕಟ್ಟಿದ್ದು ಯಾವುದು ಎಂದು ತರಗತಿಯಲ್ಲಿ ಚರ್ಚಿಸಿ.

3. ನಿಮ್ಮ ಪಠ್ಯದ ಹಳಗನ್ನಡ ಪದ್ಯಗಳಲ್ಲಿ ಬರುವ ಕವಿಸಮಯಗಳನ್ನು ಗುರುತಿಸಿ, ಅವು ರಾಜಶೇಖರನ ಮೂರು ಬಗೆಗಳಲ್ಲಿ ಯಾವುದಕ್ಕೆ ಸೇರುತ್ತವೆ ಎಂದು ಪಟ್ಟಿ ಮಾಡಿ.